ಕೈಲಾಸದ ಹಸ್ತಪ್ರತಿ

ಸೌಂದರ್ಯದ ಸ್ವರೂಪವನ್ನು ತಿಳಿಸುವ ಗ್ರಂಥವೊಂದು ಕೈಲಾಸದಲ್ಲಿದ್ದಿತೆಂದೂ, ಭೂಲೋಕಕ್ಕೆ ಬರುವಾಗ ಅದು ಹರಿದುಹೋಯಿತೆಂದೂ ನಮ್ಮಲ್ಲಿ ಒಂದು ಐತಿಹ್ಯವುಂಟು. ಶಂಕರಾಚಾರ್ಯರು ಕೈಲಾಸಕ್ಕೆ ಹೋದಾಗ ಶಿವನು ದೇವಿಯನ್ನು ಕುರಿತ ನೂರು ಶ್ಲೋಕಗಳ ಪುಸ್ತಕವನ್ನು ಅವರ ಕೈಗಿತ್ತನು. ಅವರು ಹಿಂದಿರುಗುವಾಗ, ಇಲ್ಲಿಯ ರಹಸ್ಯವು ಹೊರಗೆ ಹೋಗಕೂಡದೆಂದು ನಂದಿಯು ಅದಕ್ಕೆ ಬಾಯಿಹಾಕಿ ಕಿತ್ತುಕೊಂಡನು. ಆಚಾರ್ಯರ ಕೈಯಲ್ಲಿ ಉಳಿದವು 41 ಶ್ಲೋಕಗಳು ಮಾತ್ರ. ಮಿಕ್ಕ 59ನ್ನು ನೀನೇ ರಚಿಸೆಂದು ದೇವಿಯ ಅಪ್ಪಣೆಯಾಯಿತು. ಹೀಗೆ ಪೂರ್ಣವಾದದ್ದೇ ‘ಸೌಂದರ್ಯಲಹರಿ’. ಈ ಕಥೆಗೆ ಪಾಠಾಂತರಗಳು ಹಲವುಂಟು. ನಾವು ಕೇಳಿ ಬೆಳೆದದ್ದು ಇದು.

ಇಂಗ್ಲಿಷ್ ವಿದ್ಯಾಭ್ಯಾಸಕ್ಕೆ ತೊಡಗಿದ ಮೇಲೆ ನಾವು ಇದನ್ನು ಅಡಗೂಲಜ್ಜಿಯ ಕಥೆಯೆಂದು ನಕ್ಕುಬಿಟ್ಟೆವು. ಅದೇ ದಿನಗಳಲ್ಲಿ ತರಗತಿಯಲ್ಲಿ ಕೋಲರಿಜ್ ಕವಿಯ ‘ಕುಬ್ಲಾ ಖಾನ್’ ನಮಗೆ ಪಾಠವಾಗಿದ್ದಿತು. 1816ರಲ್ಲಿ ಅದನ್ನು ಪ್ರಕಟಿಸಿದಾಗ ಕವಿಯು ಮುನ್ನುಡಿಯಲ್ಲಿ ಒಂದು ವೃತ್ತಾಂತವನ್ನು ಹೇಳಿದನು. ನಿದ್ರೆಯಲ್ಲಿ ಇನ್ನೂರು ಮುನ್ನೂರು ಸಾಲುಗಳು ಪ್ರಯತ್ನವಿಲ್ಲದೆ ಮೂಡಿದವಂತೆ. ಎದ್ದು ಬರೆಯುತ್ತಿರುವಾಗ ಪೋರ್ಲಾಕ್ ಎಂಬ ಊರಿನಿಂದ ಯಾರೋ ಕಾರ್ಯನಿಮಿತ್ತ ಬಂದರಂತೆ. ಮರಳಿ ಕುಳಿತಾಗ ಉಳಿದುದೆಲ್ಲ ಮರೆತುಹೋಗಿದ್ದಿತಂತೆ. ನಾವು ಇದನ್ನು ಗಂಭೀರವಾಗಿ ಟಿಪ್ಪಣಿ ಪುಸ್ತಕದಲ್ಲಿ ಬರೆದುಕೊಂಡೆವು. ಪೋರ್ಲಾಕಿನ ಆಗಂತುಕನನ್ನು ನಂಬಿದ ನಾವು ನಂದಿಯನ್ನು ಕಂಡು ನಕ್ಕದ್ದು ಯಾವ ನ್ಯಾಯ? ಇಬ್ಬರೂ ಮಾಡಿದ್ದು ಒಂದೇ ಕೆಲಸವಲ್ಲವೆ?

ನಂದಿಯ ಕಥೆ ಚರಿತ್ರೆಯೆಂದು ನಾವು ಸಾಧಿಸಹೊರಟಿಲ್ಲ. ಶಂಕರರೇ ಈ ಸ್ತೋತ್ರದ ಕರ್ತೃಗಳೆಂಬುದನ್ನೂ ವಿದ್ವಾಂಸರು ಚರ್ಚಿಸಿದ್ದಾರೆ. 1958ರಲ್ಲಿ ಹಾರ್ವರ್ಡ್ ಪ್ರಾಚ್ಯಗ್ರಂಥಮಾಲೆಯಲ್ಲಿ ಇದನ್ನು ಸಂಪಾದಿಸಿದ ನಾರ್ಮನ್ ಬ್ರೌನ್ ಆ ಮಾತನ್ನು ಒಪ್ಪಲಿಲ್ಲ. ನಾವು ಕೇಳಬೇಕಾದ ಪ್ರಶ್ನೆ ಬೇರೆ. ಹರಿದದ್ದು 41ನೆಯ ಶ್ಲೋಕದ ಬಳಿಯಲ್ಲಿಯೇ ಏಕೆ?

ಗ್ರಂಥವನ್ನು ತೆರೆದರೆ ಉತ್ತರ ಅಲ್ಲಿಯೇ ಉಂಟು. ‘ಆನಂದಲಹರಿ’ ಎಂದು ಕರೆಯುವ ಮೊದಲ 41 ಶ್ಲೋಕಗಳು, ಶಕ್ತಿಯೊಡಗೂಡದೆ ಶಿವನು ಅಲುಗಲಾರನೆಂಬ ತತ್ತ್ವದಿಂದ ಮೊದಲಾಗಿ, ಶ್ರೀಚಕ್ರ, ಮಂತ್ರ, ಷಟ್ಚಕ್ರಗಳೆಂಬ ರಹಸ್ಯಗಳನ್ನು ಹೇಳುತ್ತವೆ. 42ನೆಯದರಿಂದ ಧಾಟಿಯೇ ಬದಲಾಗಿ ಕಿರೀಟದಿಂದ ಪಾದದವರೆಗೆ ದೇವಿಯ ರೂಪವರ್ಣನೆ ಸಾಗುತ್ತದೆ. ಶಿಖರಿಣಿಯ ಹದಿನೇಳಕ್ಷರದ ನಡೆ ಮಾತ್ರ ಮುಂಚಿನಂತೆಯೇ ಇರುತ್ತದೆ. ಹಿಂದಿನ ಓದುಗರು ಈ ಹೊಲಿಗೆಯನ್ನು ಕಂಡುಕೊಂಡರು. ಹುಳು ತಿಂದ ಓಲೆಗರಿಗಳನ್ನು ಓದಿ, ಅಕ್ಷರ ನಷ್ಟವಾದ ಕಡೆ ‘ಗ್ರಂಥಪಾತ’ವೆಂದು ಗುರುತುಮಾಡುತ್ತಿದ್ದ ಜನರಿಗೆ, ಕಂಡದ್ದನ್ನು ಹರಿದ ಪುಸ್ತಕದ ಕಥೆಯಾಗಿ ಹೇಳುವುದು ಸಹಜವೇ ಆಗಿದ್ದಿತು. ನಾವು ವಿಮರ್ಶೆಯೆಂದು ಕರೆಯುವುದನ್ನು ಅವರು ಕಥೆಯ ರೂಪದಲ್ಲಿ ಮಾಡಿದರು.

ಇನ್ನೊಂದು ಸೂಕ್ಷ್ಮವುಂಟು. ದೇವತೆಗಳನ್ನು ಪಾದದಿಂದ ಮೇಲಕ್ಕೂ ಮನುಷ್ಯರನ್ನು ಕೇಶದಿಂದ ಕೆಳಕ್ಕೂ ವರ್ಣಿಸುವುದು ಸಂಪ್ರದಾಯವೆಂದು ‘ಕುಮಾರಸಂಭವ’ದ ವ್ಯಾಖ್ಯಾನದಲ್ಲಿ ಮಲ್ಲಿನಾಥನು ತಿಳಿಸುತ್ತಾನೆ. ಸೌಂದರ್ಯಲಹರಿಯ ವರ್ಣನೆ ತಲೆಯಿಂದ ಇಳಿಯುತ್ತದೆ. ಇದರಿಂದ ಏನೂ ಸಿದ್ಧವಾಗದು, ನಿಜ. ಆದರೂ ಈ ಭಾಗವು ಮನುಷ್ಯನ ಮಾತೆಂದು ಸಾರುವ ಕಥೆಯೊಡನೆ ಅದು ಚೆನ್ನಾಗಿ ಹೊಂದಿಕೊಳ್ಳುತ್ತದೆ.

ಕಾಲಕ್ರಮದಲ್ಲಿ ಇಡೀ ಸ್ತೋತ್ರವೇ ಮಂತ್ರಗ್ರಂಥವಾಯಿತು. ಪ್ರತಿ ಶ್ಲೋಕಕ್ಕೂ ಒಂದು ಯಂತ್ರ, ಬೀಜಾಕ್ಷರ, ಜಪಸಂಖ್ಯೆ, ನೈವೇದ್ಯ ಮತ್ತು ಫಲ ಏರ್ಪಟ್ಟವು. ವಾಕ್ಸಿದ್ಧಿಗೆ ಒಂದು ಶ್ಲೋಕ, ಐಶ್ವರ್ಯಕ್ಕೆ ಮತ್ತೊಂದು, ರೋಗನಿವಾರಣೆಗೆ ಇನ್ನೊಂದು. ಈ ಶ್ರದ್ಧೆಯನ್ನು ಹಳಿಯುವುದು ನಮ್ಮ ಉದ್ದೇಶವಲ್ಲ. ಸೌಂದರ್ಯವೆಂಬುದು ಬರಿಯ ಅಲಂಕಾರವಲ್ಲ, ಒಂದು ಶಕ್ತಿ ಎಂಬ ತಿಳಿವಳಿಕೆ ಅದರ ಬುಡದಲ್ಲಿ ಇದ್ದೇ ಇದೆ. ಆದರೆ ಫಲದ ಪಟ್ಟಿಯನ್ನು ಹಿಡಿದು ಓದುವವನು ಪದ್ಯದ ಮಾತನ್ನೇ ಕೇಳದೆ ಹೋಗುವ ಅಪಾಯವುಂಟು.

57ನೆಯ ಶ್ಲೋಕವನ್ನು ನೋಡಿರಿ. ದೂರದಲ್ಲಿರುವ ದೀನನಾದ ತನ್ನ ಮೇಲೆಯೂ ದೇವಿಯ ಕಣ್ಣೋಟ ಬೀಳಲಿ ಎಂದು ಭಕ್ತನು ಬೇಡುತ್ತಾನೆ. ಅದರಿಂದ ಆಕೆಗೆ ನಷ್ಟವೇನು? ಚಂದ್ರನ ಬೆಳಕು ಕಾಡನ್ನೂ ಉಪ್ಪರಿಗೆಯನ್ನೂ ಬೇರೆಬೇರೆಯಾಗಿ ಎಣಿಸುವುದಿಲ್ಲವಷ್ಟೆ. ಕೊಟ್ಟಷ್ಟೂ ಸವೆಯದೆ, ಪಾತ್ರಾಪಾತ್ರವೆಂದು ಆರಿಸದೆ ಎಲ್ಲರ ಮೇಲೂ ಬೀಳುವುದೇ ಸೌಂದರ್ಯವೆಂದು ನಾವು ಇದರಿಂದ ಗ್ರಹಿಸುತ್ತೇವೆ. ಅಂಥದನ್ನು ಲೆಕ್ಕವಿಟ್ಟು ಪಡೆಯಬೇಕಾದ ಅಗತ್ಯವಾದರೂ ಏನು?

ಈ ಉತ್ತರವು ನಂದಿಯು ಉಳಿಸಿದ 41ರಲ್ಲಿ ಇಲ್ಲ. ಕಥೆಯ ಪ್ರಕಾರ ಮನುಷ್ಯನು ಕಟ್ಟಿದ 59ರಲ್ಲಿದೆ. ಕೋಲರಿಜ್ ತನ್ನ ತುಣುಕನ್ನು ತುಣುಕಾಗಿಯೇ ಉಳಿಸಿದನು. ನಮ್ಮ ಕಥೆಯಾದರೋ, ಕಳೆದುಹೋದುದನ್ನು ನೀನೇ ಹಾಡು ಎಂದಿತು. ಹಾಡಿ ಮುಗಿಸಿದವನು ನೂರನೆಯ ಶ್ಲೋಕದಲ್ಲಿ, ಸೂರ್ಯನಿಗೆ ದೀಪವನ್ನೆತ್ತಿದಂತೆ, ಸಮುದ್ರಕ್ಕೆ ಅದರ ನೀರನ್ನೇ ಅರ್ಪಿಸಿದಂತೆ ತನ್ನ ಸ್ತುತಿಯೆಂದು ಒಪ್ಪಿಕೊಂಡು, ಆ ಮಾತುಗಳನ್ನೂ ದೇವಿಗೇ ಹಿಂದಿರುಗಿಸುತ್ತಾನೆ. ಮನೆಯಲ್ಲಿ ಹಿರಿಯರು ಈ ಕಥೆಯನ್ನು ಹೇಳುವಾಗ ನಾವು ನಗುವ ಮೊದಲು ಇನ್ನಷ್ಟು ಹೊತ್ತು ಕೇಳಬೇಕಾಗಿದ್ದಿತು.