ಮಾಡ್ ಗೆರೆಗಳು ಕೇಳುವುದು ದೂರವನ್ನು

ಸಂಖ್ಯೆಯ ಎರಡು ಬದಿಗೆ ನೆಟ್ಟಗೆ ಗೆರೆ ಎಳೆದರೆ ಅದು ಆ ಸಂಖ್ಯೆಯ ನಿರಪೇಕ್ಷ ಬೆಲೆ. ಪಿಯು ತರಗತಿಗಳಲ್ಲಿ ಎಲ್ಲರ ಬಾಯಲ್ಲೂ ಅದು ‘ಮಾಡ್’. ಈ ಗೆರೆಗಳನ್ನು 1841ರಲ್ಲಿ ಬಳಕೆಗೆ ತಂದವರು ಜರ್ಮನಿಯ ಗಣಿತಜ್ಞ ಕಾರ್ಲ್ ವೈಯರ್‌ಸ್ಟ್ರಾಸ್. ಈ ಗೆರೆಗಳಿರುವ ಸಮೀಕರಣ ಬಿಡಿಸಲು ಕೂಡು, ಕಳೆ, ಭಾಗಿಸು ಗೊತ್ತಿದ್ದರೆ ಸಾಕು. ಆದರೂ ಚೆನ್ನಾಗಿ ಓದುವ ಮಕ್ಕಳೇ ಇಲ್ಲಿ ಅಂಕ ಕಳೆದುಕೊಳ್ಳುತ್ತಾರೆ. ತಿಳಿಯದ ಸಂಖ್ಯೆಯನ್ನು ಇಲ್ಲಿ ‘ಯ’ ಎಂದು ಬರೆದಿದ್ದೇನೆ.

ತಪ್ಪು ಕಲ್ಪನೆ: ಮಾಡ್ ಎಂದರೆ ಮೈನಸ್ ಅಳಿಸುವುದು.

ವಾಸ್ತವ: |−7| = 7 ಎನ್ನುವಾಗ ಈ ಸೂತ್ರ ನಡೆಯುತ್ತದೆ, ಅಕ್ಷರ ಬಂದೊಡನೆ ಕೈಕೊಡುತ್ತದೆ. |ಯ − 3| ಕಂಡು ‘ಯ + 3’ ಎಂದು ಬರೆಯುವುದು ಇದೇ ಸೂತ್ರವನ್ನು ನಂಬಿ. ಯ = 1 ಹಾಕಿ ನೋಡಿ: |1 − 3| ಎಂದರೆ 2, ಆದರೆ 1 + 3 ಎಂದರೆ 4.

ಮಾಡ್ ಎಂದರೆ ಸಂಖ್ಯಾರೇಖೆಯ ಮೇಲಿನ ದೂರ. |ಯ| ಸೊನ್ನೆಯಿಂದ ಇರುವ ದೂರ, |ಯ − 3| ಮೂರರಿಂದ ಇರುವ ದೂರ. ಯ ಋಣಸಂಖ್ಯೆಯಾದರೆ |ಯ| = −ಯ. ‘ಮಾಡ್ ಋಣವಾಗುವುದುಂಟೇ?’ ಎಂದು ಮಕ್ಕಳು ಗಾಬರಿಯಾಗುವುದು ಇಲ್ಲೇ. ಯ = −6 ಆದರೆ −ಯ ಎಂದರೆ 6. ಅಕ್ಷರದ ಮುಂದೆ ಮೈನಸ್ ಇದ್ದ ಮಾತ್ರಕ್ಕೆ ಬೆಲೆ ಋಣವಾಗಬೇಕಿಲ್ಲ. ಈ ಒಂದು ಮಾತಿಗೆ ತರಗತಿಯಲ್ಲಿ ಒಂದು ಪೂರ್ತಿ ಪೀರಿಯಡ್ ಕೊಟ್ಟರೂ ನಷ್ಟವಿಲ್ಲ.

ತಪ್ಪು ಕಲ್ಪನೆ: ಉತ್ತರ ಯಾವಾಗಲೂ ಎರಡು.

ವಾಸ್ತವ: |ಯ − 3| = 5 ಎಂದರೆ ಮೂರರಿಂದ ಐದು ದೂರ: ಬಲಕ್ಕೆ 8, ಎಡಕ್ಕೆ −2. ಬಲಬದಿಯಲ್ಲಿ 0 ಇದ್ದರೆ ಉತ್ತರ ಒಂದೇ, 3. ಅಲ್ಲಿ −5 ಇದ್ದರೆ ಉತ್ತರವೇ ಇಲ್ಲ, ದೂರ ಋಣವಾಗದು. ಹಾಗೆಂದು ಬಲಬದಿಯಲ್ಲಿ ಮೈನಸ್ ಕಂಡ ಕೂಡಲೇ ‘ಪರಿಹಾರವಿಲ್ಲ’ ಎಂದು ಬರೆದುಬಿಡಬಾರದು. |ಯ| = −ಯ ಸಮೀಕರಣಕ್ಕೆ ಸೊನ್ನೆಯೂ ಎಲ್ಲ ಋಣಸಂಖ್ಯೆಗಳೂ ಉತ್ತರಗಳೇ.

ತಪ್ಪು ಕಲ್ಪನೆ: ಪ್ಲಸ್ ಒಮ್ಮೆ, ಮೈನಸ್ ಒಮ್ಮೆ ಹಾಕಿ ಬಿಡಿಸಿದರೆ ಬಂದದ್ದೆಲ್ಲ ಉತ್ತರ.

ವಾಸ್ತವ: |ಯ − 4| = 2ಯ + 1 ತೆಗೆದುಕೊಳ್ಳಿ. ಯ − 4 = 2ಯ + 1 ಎಂದು ಬಿಡಿಸಿದರೆ ಯ = −5. ಯ − 4 = −(2ಯ + 1) ಎಂದರೆ 3ಯ = 3, ಯ = 1. ಎರಡನ್ನೂ ಮೂಲ ಸಮೀಕರಣಕ್ಕೆ ಹಾಕಿ ತಾಳೆ ನೋಡೋಣ. ಯ = 1 ಆದಾಗ ಎಡಬದಿ |−3|, ಅಂದರೆ 3; ಬಲಬದಿಯೂ 3. ಯ = −5 ಆದಾಗ ಎಡಬದಿ 9, ಬಲಬದಿ −9. ದೂರವೊಂದು −9ಕ್ಕೆ ಸಮವಾಗಲಾರದು, −5 ಬಿದ್ದುಹೋಯಿತು. ಬಲಬದಿಯಲ್ಲೂ ಯ ಇದ್ದಾಗ ತಾಳೆ ನೋಡುವುದು ಲೆಕ್ಕದ ಭಾಗವೇ. ಸಮಯ ಉಳಿದರೆ ಮಾಡುವ ಕೆಲಸವೆಂದು ಅದನ್ನು ಕಲಿಸುವುದು ತಪ್ಪು.

ಬಂದ ಉತ್ತರವನ್ನು ಪ್ರಶ್ನೆಯ ಎದುರು ನಿಲ್ಲಿಸಿ ನೋಡುವುದು ನಮಗೆ ಹೊಸದಲ್ಲ. ಭಾಸ್ಕರಾಚಾರ್ಯರ ‘ಬೀಜಗಣಿತ’ದಲ್ಲಿ ಮಂಗಗಳ ಲೆಕ್ಕವೊಂದಿದೆ: ಗುಂಪಿನ ಐದನೇ ಒಂದು ಪಾಲಿನಿಂದ ಮೂರು ಕಳೆದು ವರ್ಗ ಮಾಡಿದಷ್ಟು ಮಂಗಗಳು ಗುಹೆ ಹೊಕ್ಕವು, ಒಂದು ಕೊಂಬೆಯ ಮೇಲೆ ಕಾಣುತ್ತಿದೆ, ಒಟ್ಟು ಎಷ್ಟು? ಬಿಡಿಸಿದರೆ 50 ಮತ್ತು 5. ಎರಡೂ ಸಮೀಕರಣಕ್ಕೆ ಹೊಂದುತ್ತವೆ, ಆದರೆ ಐದರ ಐದನೇ ಪಾಲಾದ ಒಂದರಿಂದ ಮೂರು ಮಂಗಗಳನ್ನು ಕಳೆಯಲಾಗದು. ಆಚಾರ್ಯರು 5ನ್ನು ಕೈಬಿಟ್ಟರು.

ತಪ್ಪು ಕಲ್ಪನೆ: ಸಮೀಕರಣ ಹೇಗಿದ್ದರೂ ಮೊದಲೇ ಎರಡಾಗಿ ಒಡೆಯಬಹುದು.

ವಾಸ್ತವ: 2|ಯ + 1| − 3 = 7 ಇದ್ದಾಗ ಗೆರೆ ತೆಗೆದು, ಬಲಬದಿಗೆ ಒಮ್ಮೆ 7, ಒಮ್ಮೆ −7 ಹಾಕಿದರೆ 4 ಮತ್ತು −3 ಬರುತ್ತವೆ. −3 ತಪ್ಪು: ಅದನ್ನು ಹಾಕಿದರೆ ಎಡಬದಿ ಬರೀ 1. ಮೊದಲು ಮಾಡ್ ಒಂದನ್ನೇ ಎಡಕ್ಕೆ ಉಳಿಸಿ: |ಯ + 1| = 5. ಉತ್ತರ 4 ಮತ್ತು −6.

ತಪ್ಪು ಕಲ್ಪನೆ: √ಯ² ಎಂದರೆ ಯ.

ವಾಸ್ತವ: ಅದು |ಯ|. −6ರ ವರ್ಗ 36, √36 ಎಂದರೆ 6.

ತಪ್ಪು ಕಲ್ಪನೆ: ಎರಡು ಮಾಡ್ ಇದ್ದರೆ ಲೆಕ್ಕ ಕೈಗೆ ಸಿಗದು.

ವಾಸ್ತವ: |ಯ − 2| + |ಯ − 7| = 5 ನೋಡಿ ಹೆದರಬೇಡಿ, ಒಂದು ರೇಖೆ ಎಳೆದು 2 ಮತ್ತು 7 ಗುರುತಿಸಿ. ಅವುಗಳ ನಡುವಿನ ಅಂತರವೇ 5. ನಡುವೆ ಎಲ್ಲಿ ನಿಂತರೂ ಎರಡು ದೂರಗಳ ಮೊತ್ತ 5. ಹಾಗಾಗಿ 2ರಿಂದ 7ರವರೆಗಿನ ಪ್ರತಿಯೊಂದು ಸಂಖ್ಯೆಯೂ ಉತ್ತರ. ಬಲಬದಿಯಲ್ಲಿ 3 ಇದ್ದರೆ ಉತ್ತರವಿಲ್ಲ. 9 ಇದ್ದರೆ ಹೆಚ್ಚಿನ 4ನ್ನು ತುಂಬಲು 7ರಿಂದ ಎರಡು ಹೆಜ್ಜೆ ಬಲಕ್ಕೆ ಹೋಗಬೇಕು, ಇಲ್ಲವೇ 2ರಿಂದ ಎರಡು ಹೆಜ್ಜೆ ಎಡಕ್ಕೆ: 9 ಅಥವಾ 0.