ಅಲಾಯಿ ಕುಣಿಯ ಕೆಂಡ



ನಮ್ಮ ನಾರಾಯಣಪೇಟ, ಮಕ್ತಲ್, ಗದ್ವಾಲ ಸೀಮೆಯ ಹಳ್ಳಿಗಳಲ್ಲಿ ಮೊಹರಂ ಚಂದ್ರ ಕಂಡನೆಂದರೆ ಪೀರುಗಳ ಚಾವಡಿಯ ಮುಂದೆ ಗುದ್ದಲಿ ಬೀಳುತ್ತದೆ. ತೆಲುಗಿನಲ್ಲಿ ಪೀರ್ಲ ಪಂಡುಗ ಎನ್ನುವವರೂ ಕನ್ನಡದಲ್ಲಿ ಅಲಾಯಿ ಹಬ್ಬ ಎನ್ನುವವರೂ ಒಂದೇ ಕುಣಿಯ ಸುತ್ತ ನಿಲ್ಲುತ್ತಾರೆ. ಮುಸಲ್ಮಾನರ ಒಂದು ಮನೆಯೂ ಇಲ್ಲದ ಊರುಗಳಲ್ಲಿ ಸಹ ದೇವರು ಕೂಡುವುದುಂಟು. ಆ ಕುಣಿಯ ಕೆಂಡವನ್ನು ಬರಿಗಾಲಲ್ಲಿ ತುಳಿದವನ ಕಾಲು ಸುಡದಿದ್ದರೆ ಅದು ಮಂತ್ರವೋ, ಮಹಿಮೆಯೋ, ಮತ್ತೇನೋ ಎಂಬ ಪ್ರಶ್ನೆ ನಿಮಗೂ ಬಂದಿರಬೇಕು. ಇಂದು ಅದನ್ನೇ ವಿಚಾರ ಮಾಡೋಣ.

ಮೊದಲು ಹೆಸರು. ಉರ್ದುವಿನಲ್ಲಿ ಅಲಾವ ಎಂದರೆ ಬೆಂಕಿಯ ಗುಂಡಿ. ಹೈದರಾಬಾದಿನ ದಬೀರಪುರದಲ್ಲಿ ಬೀಬೀ ಕಾ ಅಲಾವಾ ಎಂಬ ಪ್ರಸಿದ್ಧ ಸ್ಥಳವಿದೆ. ಮೊಹರಂ ಹತ್ತನೆಯ ದಿನ ಆನೆಯ ಮೇಲೆ ಮೆರವಣಿಗೆ ಹೊರಡುವುದು ಅಲ್ಲಿಂದಲೇ. ಆ ಅಲಾವವೇ ನಮ್ಮ ಬಾಯಲ್ಲಿ ಅಲಾಯಿ ಆಯಿತು. ಒಂಬತ್ತನೆಯ ದಿನದ ರಾತ್ರಿಯ ಹೆಸರು ಇನ್ನೂ ಸ್ವಾರಸ್ಯ. ಉರ್ದುವಿನ ಕತಲ್ ಎಂದರೆ ಕೊಲೆ, ಅದು ಕತಲ್ ರಾತ್ರಿ. ಕನ್ನಡದ ಕಿವಿ ಅದನ್ನು ಕತ್ತಲ ರಾತ್ರಿ ಎಂದು ಕೇಳಿಸಿಕೊಂಡಿತು. ತಪ್ಪಾಗಿ ಕೇಳಿಸಿಕೊಂಡರೂ ದುಃಖ ಕಡಿಮೆಯಾಗಲಿಲ್ಲ ನೋಡಿ.

ಆ ದುಃಖ ಕ್ರಿ.ಶ. 680ರದು. ಪ್ರವಾದಿ ಮಹಮ್ಮದರ ಮೊಮ್ಮಗ ಹುಸೇನರು ಇರಾಕಿನ ಕರ್ಬಲಾ ಬಯಲಿನಲ್ಲಿ, ತಮಗಿಂತ ಎಷ್ಟೋ ದೊಡ್ಡ ಸೈನ್ಯದ ಎದುರು ತಮ್ಮವರೊಡನೆ ಹತರಾದರು. ನೀರು ಸಹ ಸಿಗದಂತೆ ಅವರನ್ನು ತಡೆಯಲಾಗಿತ್ತು. ಹಬ್ಬದಲ್ಲಿ ಹಂಚುವ ಪಾನಕ, ಶರಬತ್ತು ಆ ನೀರಡಿಕೆಯ ನೆನಪು. ಡೇರೆಗಳ ಹಿಂದಿನಿಂದ ವೈರಿಗಳು ಬರದಂತೆ ಹುಸೇನರ ಕಡೆಯವರು ಕಂದಕ ತೋಡಿ ಬೆಂಕಿ ಹಾಕಿದ್ದರೆಂದೂ, ಕಡೆಗೆ ವೈರಿಗಳು ಡೇರೆಗಳನ್ನೇ ಸುಟ್ಟರೆಂದೂ ಹಳೆಯ ಕಥನಗಳು ಹೇಳುತ್ತವೆ. ಕುಣಿಯ ಬೆಂಕಿಯನ್ನು ಕಂಡವರಿಗೆ ಈ ಎರಡೂ ನೆನಪಾಗುವುದು ಸಹಜ. ಜನ ಕೂಗುವ ದೂಲಾ ಎಂಬ ಮಾತಿನ ಅರ್ಥ ಮದುಮಗ. ಹುಸೇನರ ಅಣ್ಣನ ಮಗ ಕಾಸಿಂ ಕರ್ಬಲಾದ ಮದುಮಗನೆಂದು ಹೆಸರಾದವನು.

ಗೋಲ್ಕೊಂಡದ ಕುತುಬಶಾಹಿ ಅರಸರು ಶಿಯಾ ಪಂಥದವರು. ಮಹಮ್ಮದ ಕುಲಿ ಕುತುಬಶಾಹನು 1590ರ ದಶಕದಲ್ಲಿ ಹೈದರಾಬಾದಿನಲ್ಲಿ ಬಾದಶಾಹಿ ಆಶುರಖಾನೆ ಕಟ್ಟಿಸಿದನು. ಅರಸರ ಈ ಆಚರಣೆ ಹಳ್ಳಿಗೆ ಇಳಿದಾಗ ಹಳ್ಳಿಯದೇ ಆಯಿತು. ರಾಯಚೂರು ಜಿಲ್ಲೆಯ ಮುದಗಲ್ಲಿನ ಮೊಹರಂಗೂ, ಅನಂತಪುರ ಜಿಲ್ಲೆಯ ಗೂಗೂಡಿನ ಕುಳ್ಳಾಯಪ್ಪನಿಗೂ ಎಲ್ಲ ಜಾತಿಯವರು ಹೋಗುತ್ತಾರೆ. ಗೂಗೂಡಿನ ಮೇಲೆ ಅಫ್ಸರ್ ಮಹಮ್ಮದ್ ಎಂಬ ವಿದ್ವಾಂಸರ ಇಂಗ್ಲಿಷ್ ಗ್ರಂಥವೇ 2013ರಲ್ಲಿ ಪ್ರಕಟವಾಗಿದೆ. ವೀರಭದ್ರನ ಜಾತ್ರೆಯಲ್ಲಿ ಅಗ್ಗಿ ಹಾಯುವುದನ್ನು ಕಂಡ ನಮ್ಮವರಿಗೆ ಅಲಾಯಿ ಕೆಂಡ ಹೊಸದೇನೂ ಆಗಿರಲಿಕ್ಕಿಲ್ಲ. ಇದು ಧರ್ಮಶಾಸ್ತ್ರಕ್ಕೆ ಸಲ್ಲದು ಎಂದು ಹೇಳುವ ಮೌಲವಿಗಳಿದ್ದಾರೆ. ನಮಗೇಕೆ ಅವರ ದೇವರು ಎನ್ನುವ ಹಿಂದೂಗಳೂ ಇದ್ದಾರೆ. ಇಬ್ಬರ ಮಾತನ್ನೂ ಕೇಳಿದ ಮೇಲೂ ಕುಣಿಗೆ ಕಟ್ಟಿಗೆ ತರುವ ಕೈಗಳನ್ನು ಎಣಿಸಿದರೆ, ಈ ಬೆಂಕಿ ಊರಿನದು ಎಂದೇ ನನಗೆ ಅನ್ನಿಸುತ್ತದೆ.

ಈಗ ಸುಡುವ ಮಾತು. ಹಿಂದೆ ಬೆಂಕಿಪೆಟ್ಟಿಗೆ ಉಳಿಸಲೆಂದು ಪಕ್ಕದ ಮನೆಯ ಒಲೆಯಿಂದ ಕೆಂಡ ತರುವ ಅಜ್ಜಿಯರಿದ್ದರು. ಒಂದು ಅಂಗೈಯಿಂದ ಇನ್ನೊಂದಕ್ಕೆ ಹಾರಿಸುತ್ತ ಬಂದರೆ ಕೈ ಸುಡುತ್ತಿರಲಿಲ್ಲ. ಅದೇ ಅಜ್ಜಿ ಕಾದ ರೊಟ್ಟಿಯ ಹಂಚನ್ನು ಬರಿಗೈಯಲ್ಲಿ ಮುಟ್ಟುತ್ತಿರಲಿಲ್ಲ. ಕೆಂಡದ ಬಿಸಿ ಹಂಚಿಗಿಂತ ಹೆಚ್ಚು, ಆದರೂ ಹಂಚೇ ಬೇಗ ಸುಡುತ್ತದೆ. ಕಾರಣವಿಷ್ಟೇ: ಕಬ್ಬಿಣ ತನ್ನ ಬಿಸಿಯನ್ನು ತಡಮಾಡದೆ ಚರ್ಮಕ್ಕೆ ದಾಟಿಸುತ್ತದೆ. ಇದ್ದಲು ಹಗುರ, ಒಳಗೆಲ್ಲ ಸಣ್ಣ ಸಣ್ಣ ತೂತು, ಬಿಸಿಯನ್ನು ನಿಧಾನವಾಗಿ ಬಿಡುತ್ತದೆ. ಮೇಲೆ ಬೂದಿಯ ಪದರ ಬೇರೆ. ಪಾದ ಒಂದು ಕೆಂಡದ ಮೇಲೆ ಅರ್ಧ ಸೆಕೆಂಡೂ ನಿಲ್ಲುವುದಿಲ್ಲ; ಸುಡುವಷ್ಟು ಬಿಸಿ ದಾಟುವ ಮೊದಲೇ ಕಾಲು ಎತ್ತಿಯಾಗಿರುತ್ತದೆ.

1935ರಲ್ಲಿ ಕಾಶ್ಮೀರದ ಖುದಾ ಬಕ್ಷ್ ಎಂಬಾತನನ್ನು ಇಂಗ್ಲೆಂಡಿನಲ್ಲಿ ಹೀಗೆಯೇ ಪರೀಕ್ಷಿಸಿದರು. ಪಾದ ತೊಳೆಸಿ, ಏನೂ ಹಚ್ಚಿಕೊಂಡಿಲ್ಲವೆಂದು ನೋಡಿಯೇ ಬಿಟ್ಟರು. ಕೆಂಡದ ಮೇಲ್ಮೈ 400 ಡಿಗ್ರಿಗೂ ಮೀರಿ ಕಾದಿತ್ತು. ಆತ ಹಾಯ್ದುಹೋದನು, ಪಾದಕ್ಕೆ ಏನೂ ಆಗಲಿಲ್ಲ. ಮುಂದಿನ ಪರೀಕ್ಷೆಗಳಲ್ಲಿ ಯಾವ ಹರಕೆಯೂ ಇಲ್ಲದ ಇಂಗ್ಲಿಷರೂ ಹಾಯ್ದರು.

ಹಾಗಾದರೆ ಭಕ್ತಿ ಸುಳ್ಳೇ? ಹಾಗೆ ನಾನು ಹೇಳಲಾರೆ. ಕುಣಿಯ ಅಂಚಿಗೆ ಬಂದವನಿಗೆ ಮೊದಲ ಹೆಜ್ಜೆ ಇಡುವ ಧೈರ್ಯವನ್ನು ಭೌತಶಾಸ್ತ್ರ ಕೊಡುವುದಿಲ್ಲ. ಆದರೆ ಕಾಲು ಸುಟ್ಟವನಿಗೆ, ನಿನ್ನ ನೇಮ ಕೆಟ್ಟಿತ್ತು, ಮನೆಯಲ್ಲಿ ಮೈಲಿಗೆಯಾಗಿತ್ತು ಎಂದು ದೋಷ ಹೊರಿಸುವುದು ಮಾತ್ರ ಅನ್ಯಾಯ. ನೋವಿನ ಮೇಲೆ ಅವಮಾನ. ಅದಕ್ಕೆ ಹೆದರಿ ಗಾಯ ಮುಚ್ಚಿಟ್ಟುಕೊಂಡು, ದವಾಖಾನೆಗೆ ಹೋಗದೆ ಕೀವು ಮಾಡಿಕೊಳ್ಳುವವರಿದ್ದಾರೆ. ಸುಡುವುದಕ್ಕೆ ಕಾರಣಗಳು ಕುಣಿಯಲ್ಲೇ ಇರುತ್ತವೆ.

ಹಿರಿಯರು ಜಾಲಿ, ಬೇವಿನಂಥ ಗಟ್ಟಿ ಕಟ್ಟಿಗೆ ಹಾಕಿ, ಉರಿ ಪೂರ್ತಿ ಇಳಿದು ಬೂದಿ ಕಟ್ಟುವವರೆಗೆ ಕಾಯುತ್ತಿದ್ದರು. ಆ ಕಾಯುವಿಕೆಯಲ್ಲೇ ಅರ್ಧ ರಕ್ಷಣೆ ಇತ್ತು. ಈಗ ಅವಸರಕ್ಕೆ ಡೀಸೆಲ್ ಸುರಿಯುವುದು, ಹಳೆಯ ಟೈರು, ಪ್ಲಾಸ್ಟಿಕ್ ಎಸೆಯುವುದು ನಡೆದಿದೆ. ಕರಗಿದ ಪ್ಲಾಸ್ಟಿಕ್ ಕಾಲಿಗೆ ಅಂಟಿದರೆ ಬಿಡುವುದಿಲ್ಲ, ಅಂಟಿದಲ್ಲೇ ಸುಡುತ್ತದೆ. ಹಳೆಯ ಬಾಗಿಲ ಹಲಗೆ ಹಾಕಿದರೆ ಅದರ ಮೊಳೆ ಹಂಚಿನಂತೆ ಕಾಯುತ್ತದೆ. ಕಾಲುಂಗುರ, ಕಡಗ ಕಳಚಿಡಬೇಕು. ಓಡಿದರೆ ಬೆರಳು ಕೆಂಡದೊಳಗೆ ಹೂತು, ಸಂದಿಯಲ್ಲಿ ಚೂರು ಸಿಕ್ಕಿಕೊಳ್ಳುತ್ತದೆ. ಸಮ ಹೆಜ್ಜೆಯೇ ಒಳ್ಳೆಯದು. ಹರಕೆ ಎಂದು ಎಳೆಯ ಮಗುವನ್ನು ಎತ್ತಿಕೊಂಡು ಇಳಿಯುವುದಂತೂ ಬೇಡವೇ ಬೇಡ. ಎಡವಿದರೆ ಬೀಳುವುದು ಇಬ್ಬರು.

ಸಕ್ಕರೆ ಕಾಯಿಲೆಯವರಿಗೆ ಬೇರೆಯಾಗಿಯೇ ಹೇಳಬೇಕು. ಆ ಕಾಯಿಲೆ ಬಹಳ ದಿನ ಇದ್ದರೆ ಪಾದ ಜೋಮು ಹಿಡಿದು ನೋವೇ ತಿಳಿಯದಂತಾಗುತ್ತದೆ. ಸುಟ್ಟದ್ದು ಗೊತ್ತಾಗದೆ ಹೋದರೆ ಅದು ಪವಾಡವಲ್ಲ. ಗಾಯವೂ ಬೇಗ ಮಾಯುವುದಿಲ್ಲ. ಅಂಥವರು ಕುಣಿಗೆ ಕಟ್ಟಿಗೆ ಹಾಕಿ, ಸಕ್ಕರೆ ಓದಿಸಿ ಕೈ ಮುಗಿದರೆ ಸಾಕು.

ಒಂದು ವೇಳೆ ಸುಟ್ಟರೆ ಹರಿಯುವ ತಣ್ಣೀರು 20 ನಿಮಿಷ ಹಾಕಿ. ಅರಿಶಿನ, ಶಾಯಿ, ಹಲ್ಲುಪುಡಿ ಯಾವುದೂ ಬೇಡ, ಬರ್ಫವೂ ಬೇಡ. ಬೊಬ್ಬೆ ಒಡೆಯದೆ ತೊಳೆದ ಬಟ್ಟೆ ಮುಚ್ಚಿ ಡಾಕ್ಟರರಲ್ಲಿಗೆ ಹೋಗಿ.

ಚಂದ್ರಮಾನದ ವರ್ಷ 354 ದಿನಗಳದು. ಆದ್ದರಿಂದ ಮೊಹರಂ ಪ್ರತಿ ವರ್ಷ ಹತ್ತು ಹನ್ನೊಂದು ದಿನ ಹಿಂದೆ ಸರಿಯುತ್ತ, ಸುಮಾರು 33 ವರ್ಷಕ್ಕೆ ಅದೇ ಋತುವಿಗೆ ಮರಳುತ್ತದೆ. 1992ರಲ್ಲಿ ಜುಲೈಯಲ್ಲಿ ಬಂದಿತ್ತು, 2024ರಲ್ಲಿ ಮತ್ತೆ ಜುಲೈ. ಮುಂಗಾರಿನಲ್ಲಿ ಕಟ್ಟಿಗೆ ಹಸಿಯಾಗಿರುತ್ತದೆ, ಡೀಸೆಲಿನ ಆಸೆ ಹುಟ್ಟುವುದು ಆಗಲೇ. ಕಟ್ಟಿಗೆಯನ್ನು ಬೇಸಿಗೆಯಲ್ಲೇ ಕಡಿದು ಚಾವಡಿಯೊಳಗೆ ಒಟ್ಟಿಡಿ. ದೇವರು ಹೊಳೆಗೆ ಹೋಗಿ ಬಂದ ಮೇಲೆ ಕುಣಿಯನ್ನು ಹಾಗೆಯೇ ಬಿಡದೆ ಅಂದೇ ಮಣ್ಣು ತುಂಬಿ. ಮೇಲೆ ಬರೀ ಬೂದಿ ಕಂಡರೂ ಒಳಗಿನ ಕೆಂಡ ಮರುದಿನವೂ ಜೀವಂತವಾಗಿರುತ್ತದೆ, ಬೆಳಿಗ್ಗೆ ಅಲ್ಲಿಗೆ ಆಡಲು ಬರುವುದು ಮಕ್ಕಳು.