ಯುರೇನಸ್: ಕಂಡರೂ ಗುರುತು ಸಿಗದ ಗ್ರಹ

ರಾತ್ರಿಯ ಹೊತ್ತು ರೇಡಿಯೋ ಗುಂಡಿಯನ್ನು ತಿರುಗಿಸುತ್ತ ಹೋಗುವಾಗ, ಎರಡು ದೊಡ್ಡ ನಿಲಯಗಳ ನಡುವೆ ಯಾವುದೋ ದೂರದ ನಿಲಯದ ಕ್ಷೀಣವಾದ ಧ್ವನಿ ಕೇಳಿಬರುವುದುಂಟು. ಬರಿಯ ಗೊರಗೊರ ಸದ್ದೆಂದು ನಾವು ಅದನ್ನು ದಾಟಿಬಿಡುತ್ತೇವೆ. ಅಲ್ಲಿಯೇ ಕೈ ನಿಲ್ಲಿಸಿ ಕಿವಿಗೊಟ್ಟವರಿಗೆ ಮಾತ್ರ ಅದೊಂದು ಹಾಡೆಂದು ತಿಳಿಯುತ್ತದೆ. ಯುರೇನಸ್ ಗ್ರಹದ ಕಥೆಯೂ ಹೀಗೆಯೇ. ಅದನ್ನು ಕಂಡವರು ಹಲವರು; ಕಂಡದ್ದು ಏನೆಂದು ಅರಿತವರು ಕೆಲವರು.

ಬುಧ, ಶುಕ್ರ, ಮಂಗಳ, ಗುರು, ಶನಿ ಈ ಐದು ಗ್ರಹಗಳನ್ನು ನಮ್ಮ ಹಿರಿಯರು ಬರಿಗಣ್ಣಿನಿಂದಲೇ ಗುರುತಿಸಿದ್ದರು. ಯುರೇನಸ್ ಆ ಪಂಕ್ತಿಗೆ ಸೇರಲಿಲ್ಲ. ಅದು ಬರಿಗಣ್ಣಿಗೆ ಕಾಣುವುದೇ ಇಲ್ಲವೆಂದು ತಿಳಿಯಬೇಡಿ. ದೀಪಗಳಿಲ್ಲದ ಬಯಲಿನಲ್ಲಿ, ಕತ್ತಲೆಯ ರಾತ್ರಿ, ಚುರುಕಾದ ಕಣ್ಣಿಗೆ ಅದು ಮಂಕಾದ ಚುಕ್ಕೆಯಾಗಿ ಕಂಡೀತು. ಆದರೆ ಸೂರ್ಯನನ್ನು ಒಂದು ಸುತ್ತು ಬರಲು ಅದಕ್ಕೆ 84 ವರ್ಷ ಬೇಕು. ಇಷ್ಟು ನಿಧಾನವಾಗಿ ನಡೆಯುವುದನ್ನು ನೋಡಿದವರು ನಕ್ಷತ್ರವೆಂದೇ ಬಗೆದರು. 1690ರಲ್ಲಿ ಇಂಗ್ಲೆಂಡಿನ ಫ್ಲಾಮ್‌ಸ್ಟೀಡ್ ಎಂಬ ಖಗೋಳಜ್ಞನು ಅದನ್ನು ವೃಷಭ ಪುಂಜದ ನಕ್ಷತ್ರವೆಂದೇ ಬರೆದಿಟ್ಟನು. ಅವನ ಪಟ್ಟಿಯಲ್ಲಿ ಅದಕ್ಕೆ 34ನೆಯ ಸಂಖ್ಯೆ ಸಿಕ್ಕಿತು. 1750ರಿಂದ ಮುಂದೆ ಫ್ರಾನ್ಸಿನ ಲೆಮೊನಿಯೆ ಎಂಬಾತನು ಹಲವು ಸಲ ಅದನ್ನು ಕಂಡನು. ಅವನಿಗೂ ಗುರುತು ಸಿಗಲಿಲ್ಲ.

ಗುರುತು ಹಿಡಿದವನು ವಿಲಿಯಂ ಹರ್ಷೆಲ್. ಆತನು ವೃತ್ತಿಯಲ್ಲಿ ಸಂಗೀತಗಾರ. ಬಾತ್ ನಗರದ ಪ್ರಾರ್ಥನಾಮಂದಿರದಲ್ಲಿ ಆರ್ಗನ್ ನುಡಿಸುತ್ತಿದ್ದವನು. ತಾನೇ ಕೈಯಾರೆ ಮಾಡಿದ ದೂರದರ್ಶಕವನ್ನು ಮನೆಯ ತೋಟದಲ್ಲಿಟ್ಟು, 1781ರ ಮಾರ್ಚ್ 13ರ ರಾತ್ರಿ ನೋಡುತ್ತಿದ್ದಾಗ, ಒಂದು ಚುಕ್ಕೆಯು ಉಳಿದ ನಕ್ಷತ್ರಗಳಂತೆ ಬಿಂದುವಾಗಿರದೆ ಸಣ್ಣ ಬಿಲ್ಲೆಯಾಗಿ ತೋರಿತು. ಆತನೂ ಮೊದಲು ಅದನ್ನು ಧೂಮಕೇತುವೆಂದೇ ಎಣಿಸಿದನು. ಅದರ ದಾರಿಯನ್ನು ಲೆಕ್ಕಹಾಕಿದ ಮೇಲೆ, ಅದು ಶನಿಯಿಂದಾಚೆಗೆ ಸುತ್ತುವ ಹೊಸ ಗ್ರಹವೆಂದು ನಿಶ್ಚಯವಾಯಿತು.

ಈ ಗ್ರಹವು ಸೂರ್ಯನಿಂದ ಸುಮಾರು 287 ಕೋಟಿ ಕಿಲೋಮೀಟರು ದೂರದಲ್ಲಿದೆ. ಅಂದರೆ ನಮಗಿಂತ 19 ಪಟ್ಟು ದೂರ. ಅದರ ಅಡ್ಡಳತೆ ಭೂಮಿಯ ನಾಲ್ಕರಷ್ಟು. ಮೇಲಿನ ಹೊದಿಕೆ ಜಲಜನಕ ಮತ್ತು ಹೀಲಿಯಂ. ಜೊತೆಗಿರುವ ಮೀಥೇನ್ ಅನಿಲವು ಸೂರ್ಯನ ಬೆಳಕಿನ ಕೆಂಪನ್ನು ಹೀರಿಕೊಳ್ಳುವುದರಿಂದ ಗ್ರಹಕ್ಕೆ ತಿಳಿ ಹಸುರುನೀಲಿ ಬಣ್ಣ. ವಿಜ್ಞಾನಿಗಳು ಇದನ್ನು ಹಿಮದೈತ್ಯವೆನ್ನುತ್ತಾರೆ. ಹೆಸರು ಕೇಳಿ ಮಂಜುಗಡ್ಡೆಯ ಚೆಂಡೆಂದು ತಿಳಿಯಬಾರದು. ಒಳಗಿರುವುದು ನೀರು, ಅಮೋನಿಯಾ, ಮೀಥೇನ್‌ಗಳ ಬಿಸಿಯಾದ ದಟ್ಟ ದ್ರವ. ಹೊರಗಿನ ವಾಯುಮಂಡಲದಲ್ಲಾದರೋ ಶೈತ್ಯವು ಸೊನ್ನೆಗಿಂತ 224 ಡಿಗ್ರಿ ಸೆಲ್ಸಿಯಸ್ ಕೆಳಗೆ ಇಳಿಯುವುದುಂಟು.

ಎಲ್ಲಕ್ಕಿಂತ ವಿಚಿತ್ರವಾದುದು ಅದರ ತಿರುಗುವ ರೀತಿ. ಇತರ ಗ್ರಹಗಳು ಬುಗುರಿಯಂತೆ ತಿರುಗಿದರೆ, ಇದು ಮಗ್ಗುಲಾಗಿ ಮಲಗಿ ಉರುಳುತ್ತದೆ. ಆದುದರಿಂದ ಒಂದೊಂದು ಧ್ರುವಕ್ಕೂ 42 ವರ್ಷ ಎಡೆಬಿಡದ ಹಗಲು, ಮತ್ತೆ 42 ವರ್ಷ ಎಡೆಬಿಡದ ರಾತ್ರಿ. ಅಲ್ಲಿ ಕತ್ತಲಲ್ಲಿ ಹುಟ್ಟಿದ ಮಗು ಸೂರ್ಯನನ್ನು ಕಾಣುವ ಹೊತ್ತಿಗೆ ನಡುವಯಸ್ಸು ಬಂದಿರುತ್ತದೆ!

1977ರ ಮಾರ್ಚ್ 10ರಂದು ಯುರೇನಸ್ ಒಂದು ನಕ್ಷತ್ರಕ್ಕೆ ಅಡ್ಡವಾಗಿ ಹಾದುಹೋಯಿತು. ಬೆಂಗಳೂರಿನ ಭಾರತೀಯ ಖಗೋಳ ಭೌತವಿಜ್ಞಾನ ಸಂಸ್ಥೆಯವರು ತಮಿಳುನಾಡಿನ ಕಾವಲೂರಿನಲ್ಲಿರುವ ತಮ್ಮ ವೀಕ್ಷಣಾಲಯದಿಂದ ಇದನ್ನು ಗಮನಿಸುತ್ತಿದ್ದರು. ಗ್ರಹವು ಅಡ್ಡ ಬರುವ ಮೊದಲೇ ನಕ್ಷತ್ರದ ಬೆಳಕು ಕ್ಷಣಕಾಲ ಕುಗ್ಗಿತು. ಹೊಸ ಉಪಗ್ರಹವೊಂದು ಮರೆಮಾಡಿತೆಂದು ಅವರು ಮೊದಲು ಪ್ರಕಟಿಸಿದರು. ಅದೇ ರಾತ್ರಿ ಹಿಂದೂ ಮಹಾಸಾಗರದ ಮೇಲೆ ವಿಮಾನದಲ್ಲಿ ಹಾರುತ್ತ ನೋಡಿದ ಅಮೆರಿಕದ ವಿಜ್ಞಾನಿಗಳಿಗೆ ಗ್ರಹದ ಎರಡು ಪಕ್ಕಗಳಲ್ಲಿಯೂ ಸಮದೂರದಲ್ಲಿ ಬೆಳಕು ಕುಗ್ಗಿದ್ದು ಕಂಡಿತು. ಮರೆಮಾಡಿದವು ಉಪಗ್ರಹಗಳಲ್ಲ, ಗ್ರಹವನ್ನು ಬಳಸಿರುವ ತೆಳುವಾದ ಉಂಗುರಗಳು!

ಅಲ್ಲಿಗೆ ಹೋದ ನೌಕೆ ಒಂದೇ, ಅದು ವಾಯೇಜರ್-2. 1986ರ ಜನವರಿ 24ರಂದು ಅದು ಗ್ರಹದ ಸಮೀಪ ಹಾದು, ಹತ್ತು ಹೊಸ ಉಪಗ್ರಹಗಳನ್ನು ತೋರಿಸಿಕೊಟ್ಟಿತು. ಅದರ ರೇಡಿಯೋ ಪ್ರಸಾರದ ಬಲ 25 ವಾಟಿಗೂ ಕಡಿಮೆ. ಆ ಕ್ಷೀಣ ಸಂಕೇತ ನಮ್ಮನ್ನು ಮುಟ್ಟಲು ಎರಡು ಮುಕ್ಕಾಲು ಗಂಟೆ ಹಿಡಿಯಿತು. ಅದನ್ನು ಹಿಡಿಯುವುದಕ್ಕಾಗಿ ಆಸ್ಟ್ರೇಲಿಯಾದಲ್ಲಿ ದೊಡ್ಡ ಆಂಟೆನಾಗಳನ್ನು ಒಂದಕ್ಕೊಂದು ಜೋಡಿಸಬೇಕಾಯಿತು.

ಬಂದುದೆಲ್ಲವೂ ಆಗಲೇ ಅರ್ಥವಾಯಿತೆನ್ನುವಂತಿಲ್ಲ. ಅದೇ ಚಿತ್ರಗಳಲ್ಲಿ ಅಡಗಿದ್ದ ಇನ್ನೊಂದು ಉಪಗ್ರಹವನ್ನು 1999ರಲ್ಲಿ ಗುರುತಿಸಿದರು. 2025ರವರೆಗೆ ತಿಳಿದ ಉಪಗ್ರಹಗಳು ಒಟ್ಟು 29. ಗ್ರಹದ ಕಾಂತವಲಯವು ವಿಪರೀತವಾದುದೆಂದು 1986ರಿಂದಲೂ ನಂಬಿಕೆಯಿತ್ತು. ಹಳೆಯ ಅಂಕಿಗಳನ್ನು ಮತ್ತೆ ನೋಡಿದವರು, ನೌಕೆ ತಲಪುವ ಮುಂಚೆಯೇ ಸೌರಮಾರುತದ ಬಿರುಸು ಆ ವಲಯವನ್ನು ಅದುಮಿಹಾಕಿತ್ತೆಂದು 2024ರಲ್ಲಿ ತಿಳಿಸಿದರು. ಬಿರುಗಾಳಿಯ ದಿನ ಊರಿಗೆ ಬಂದ ಅತಿಥಿಯು, ಇಲ್ಲಿಯ ಹವೆ ಯಾವಾಗಲೂ ಹೀಗೆಯೇ ಎಂದು ಬರೆದುಕೊಂಡು ಹೋದ ಹಾಗಾಯಿತು!

ಹಾಗೆಂದು, ಕಂಡೂ ಗುರುತಿಸದವರ ಶ್ರಮ ವ್ಯರ್ಥವಾಯಿತೆನ್ನಬೇಡಿ. ಅವರು ಬರೆದಿಟ್ಟ ಸ್ಥಾನಗಳೂ ಮುಂದಿನವರು ಅಳೆದ ಸ್ಥಾನಗಳೂ ಒಂದಕ್ಕೊಂದು ಹೊಂದದೆ ಹೋದುದರಿಂದಲೇ, ಆಚೆಗೆ ಇನ್ನೊಂದು ಗ್ರಹವಿರಬಹುದೆಂಬ ಶಂಕೆ ಬಲವಾಗಿ, 1846ರಲ್ಲಿ ನೆಪ್ಚೂನ್ ಸಿಕ್ಕಿತು. ಅರ್ಥವಾಗದಿದ್ದರೂ ಕಂಡದ್ದನ್ನು ಕಂಡ ಹಾಗೆ ಬರೆದಿಟ್ಟರೆ, ಮುಂದೆ ಬರುವವರಿಗೆ ಅದು ಆಸ್ತಿ.

ಫ್ಲಾಮ್‌ಸ್ಟೀಡ್ ಕಂಡಂದಿನಿಂದ ನಾಲ್ಕು ಸುತ್ತು ಮುಗಿಸುತ್ತ, 2026ರ ಡಿಸೆಂಬರಿನಲ್ಲಿ ಯುರೇನಸ್ ಮತ್ತೆ ಅದೇ ವೃಷಭ ಪುಂಜದಲ್ಲಿರುತ್ತದೆ. ಅಂಥದೊಂದು ಕತ್ತಲೆಯ ರಾತ್ರಿ, ಎರಡು ಕಣ್ಣಿನ ದುರ್ಬೀನನ್ನೂ ನಕ್ಷತ್ರಪಟವೊಂದನ್ನೂ ಹಿಡಿದು ಮಾಳಿಗೆ ಹತ್ತಿ, ಮಕ್ಕಳೊಡನೆ ಕೃತ್ತಿಕೆಯ ಆಸುಪಾಸಿನಲ್ಲಿ ಹುಡುಕಿರಿ. ನಕ್ಷತ್ರದಂತೆಯೇ ಕಾಣುವ ಆ ಚುಕ್ಕೆಯನ್ನು ಅವಸರದಲ್ಲಿ ದಾಟಿಹೋಗಬೇಡಿರಿ.